ನೆವೆಂಕಾಳ ಹನ್ನೊಂದು ನಿಮಿಷ

ಸ್ಯಾನ್ ಫ್ರಾನ್ಸಿಸ್ಕೊ ವಿಮಾನ ನಿಲ್ದಾಣ

ಸಿನಿಮಾ ಸಂಕಲನಕಾರನನ್ನು ಯಾರೂ ವಿದೇಶಕ್ಕೆ ಕರೆಯುವುದಿಲ್ಲ. ನಾಯಕನನ್ನು ಕರೆಯುತ್ತಾರೆ, ನಾಯಕಿಯನ್ನು ಕರೆಯುತ್ತಾರೆ, ಅವರಿಬ್ಬರೂ ಒಲ್ಲೆನೆಂದರೆ ನಿರ್ದೇಶಕನನ್ನು, ಅವನಿಗೂ ಪುರುಸೊತ್ತಿಲ್ಲದಿದ್ದರೆ ಹಾಸ್ಯನಟನನ್ನು. ನಮ್ಮ ಹೆಸರು ಪರದೆಯ ಮೇಲೆ ಬರುವ ಹೊತ್ತಿಗೆ ಪ್ರೇಕ್ಷಕ ಮಹಾಶಯ ಕತ್ತಲಲ್ಲಿ ತನ್ನ ಸೀಟು ತಡಕಾಡುತ್ತಿರುತ್ತಾನೆ. ಎಂಬತ್ತರ ದಶಕದ ಮಧ್ಯದಲ್ಲಿ ಕ್ಯಾಲಿಫೋರ್ನಿಯಾದ ಕನ್ನಡಿಗರ ಬಳಗವೊಂದು ನಮ್ಮ ಚಿತ್ರವನ್ನು ತರಿಸಿ ನೋಡಬೇಕೆಂದು ಮನಸ್ಸು ಮಾಡಿದಾಗ ಈ ನಾಲ್ವರಿಗೂ ಒಂದೊಂದು ಅಡ್ಡಿ ಬಂತು. ನಾಯಕನಿಗೆ ಶೂಟಿಂಗು, ನಾಯಕಿಗೆ ಮದುವೆ, ನಿರ್ದೇಶಕನಿಗೆ ವಿಮಾನದ ಭಯ, ಹಾಸ್ಯನಟನಿಗೆ ಮೂಲವ್ಯಾಧಿ. ಹೀಗೆ ದೇವರ ದಯೆಯಿಂದಲೂ ಮೂಲವ್ಯಾಧಿಯ ದಯೆಯಿಂದಲೂ ನಾನು ಅಮೆರಿಕಾಕ್ಕೆ ಹೊರಟೆ.

ಕೈಯಲ್ಲಿ ಐದು ತಗಡಿನ ಡಬ್ಬಿಗಳಿದ್ದವು. ನಾಲ್ಕರಲ್ಲಿ ಸಿನಿಮಾ. ಐದನೆಯದರಲ್ಲಿ ನನ್ನ ಹೆಂಡತಿ ಕುಟ್ಟಿದ ಚಟ್ನಿಪುಡಿ. ಫಿಲ್ಮಿನ ಡಬ್ಬಿಯ ಮುಚ್ಚಳದಷ್ಟು ಬಿಗಿಯಾದ ಮುಚ್ಚಳ ಈ ಲೋಕದಲ್ಲಿ ಇನ್ನೊಂದಿಲ್ಲವೆಂಬುದು ಅವಳ ಇಪ್ಪತ್ತು ವರ್ಷದ ಸಂಸಾರದ ಅನುಭವ. ಕಸ್ಟಮ್ಸ್ ಅಧಿಕಾರಿ ಮೊದಲ ನಾಲ್ಕು ಡಬ್ಬಿ ತೆರೆದು, ಒಂದಿಷ್ಟು ಫಿಲ್ಮು ಎಳೆದು ದೀಪಕ್ಕೆ ಹಿಡಿದು, ನಾಯಕಿ ಮರ ಸುತ್ತುವುದನ್ನು ಅಂಗುಲ ಅಂಗುಲವಾಗಿ ನೋಡಿ ಸಂತೋಷಪಟ್ಟ. ಐದನೆಯದು ಬಿಗಿಯಾಗಿತ್ತು. ಎದೆಗೆ ಒತ್ತಿ ಹಿಡಿದು ತಿರುಚಿದ. ಮುಚ್ಚಳ ಒಮ್ಮೆಲೇ ಹಾರಿತು.

ಆಮೇಲೆ ಏನಾಯಿತೆಂದು ವಿವರಿಸುವುದು ಕಷ್ಟ, ಏಕೆಂದರೆ ಯಾರ ಕಣ್ಣೂ ತೆರೆದಿರಲಿಲ್ಲ. ಹೊರಗೆ ಬಂದಾಗ ಡಾಕ್ಟರ್ ಹಿರೇಮಠರು ಹೂಗುಚ್ಛ ಹಿಡಿದು ನಿಂತಿದ್ದರು. ನನ್ನ ಕಣ್ಣಲ್ಲಿ ಧಾರಾಕಾರ ನೀರು. "ಅಳಬ್ಯಾಡ್ರಿ, ಮೊದಲ್ನೇ ಸಲ ಮನಿ ಬಿಟ್ಟು ಬಂದಾಗ ಎಲ್ಲಾರಿಗೂ ಹಿಂಗ ಆಗ್ತದ" ಎಂದು ಬೆನ್ನು ತಟ್ಟಿದರು.

ಬೆರ್ರಿಯೆಸಾ

ಹಿರೇಮಠರು ಹುಬ್ಬಳ್ಳಿಯವರು, ಹಲ್ಲಿನ ವೈದ್ಯರು, ಬಳಗದ ಅಧ್ಯಕ್ಷರು. ಅವರ ಹೆಂಡತಿ ಶಾರದಾ ಮೈಸೂರಿನವರು. ಹತ್ತು ವರ್ಷದ ಮಗಳು ಸ್ಮಿತಾ ಎಲ್ಲಿಯವಳೆಂದು ಅವಳಿಗೇ ಇನ್ನೂ ತೀರ್ಮಾನವಾಗಿರಲಿಲ್ಲ. ನಾನು ಕನ್ನಡದಲ್ಲಿ ಕೇಳುತ್ತಿದ್ದೆ, ಅವಳು ಇಂಗ್ಲಿಷಿನಲ್ಲಿ ಉತ್ತರಿಸುತ್ತಿದ್ದಳು, ಇಬ್ಬರಿಗೂ ಸಂಪೂರ್ಣ ಅರ್ಥವಾಗುತ್ತಿತ್ತು. ಅಪ್ಪನ ಧಾರವಾಡಿ ಮತ್ತು ಅಮ್ಮನ ಮೈಸೂರಿನ ನಡುವೆ ದಿನವೂ ನಡೆಯುವ ಕಾಳಗದಲ್ಲಿ ಆ ಹುಡುಗಿ ಇಂಗ್ಲಿಷಿಗೆ ಶರಣಾಗಿದ್ದು ನನಗೆ ಜಾಣತನವೆಂದೇ ಕಂಡಿತು.

ನಾನು ಇಳಿದುಕೊಂಡ ಅವರ ಮನೆಯಲ್ಲಿ ಎಲ್ಲ ಕಡೆ ಕಾರ್ಪೆಟ್ಟು. ಬಚ್ಚಲಿನಲ್ಲೂ ಕಾರ್ಪೆಟ್ಟು. ಚೊಂಬು ಬಗ್ಗಿಸಿ ಸ್ನಾನ ಮಾಡಿದ ನನ್ನ ಮೊದಲ ದಿನದ ಸ್ನಾನ ಕೆಳಗಿನ ಅಂತಸ್ತಿನ ಊಟದ ಮೇಜಿನವರೆಗೂ ತಲುಪಿತು. ಮರುದಿನ ಶಾರದಮ್ಮ ಬಚ್ಚಲಿನ ಬಾಗಿಲಿಗೆ ಬಕೆಟ್ಟಿನ ಚಿತ್ರ ಬರೆದು, ಅದರ ಮೇಲೆ ಅಡ್ಡಗೀಟು ಎಳೆದು ಅಂಟಿಸಿದ್ದರು, ಅಷ್ಟೇ.

ನಿಜವಾದ ಪೇಚು ಶುರುವಾದದ್ದು ಬುಧವಾರ ತಿಂಡಿಯ ಹೊತ್ತಿಗೆ.

"ಪಿಕ್ಚರ್ ಎಷ್ಟು ತಾಸಿಂದದರೀ?" ಎಂದು ಕೇಳಿದರು ಹಿರೇಮಠರು.

"ಎರಡು ಮುಕ್ಕಾಲು."

ಅವರ ಕೈಯಲ್ಲಿದ್ದ ಉಪ್ಪಿಟ್ಟಿನ ಚಮಚ ಅಲ್ಲೇ ನಿಂತಿತು. "ಸತ್ವಿ ಬಿಡ್ರಿ. ಲಾಸ್ ಆಲ್ಟೋಸ್ ಸಾಲಿ ಹಾಲ್ ಶನಿವಾರ ಮಧ್ಯಾಹ್ನ ಎರಡು ತಾಸಿಗೆ ಅಷ್ಟ ಸಿಕ್ಕದ. ಆಮ್ಯಾಲೆ ಅವರ ಬ್ಯಾಂಡ್ ಪ್ರಾಕ್ಟೀಸು. ವಾಚ್‌ಮನ್ ಭಾಳ ಖಡಕ್ ಮನಶ್ಯಾ, ಹೋದ ವರ್ಷ ನಮ್ಮ ನಾಟಕದಾಗ ದ್ರೌಪದಿ ಸೀರಿ ಅರ್ಧಾ ಇದ್ದಾಗ ಲೈಟ್ ಆರಿಸಿದ್ದ."

"ಕೃಷ್ಣ ಬರೋ ಮೊದಲೇ!" ಎಂದು ಶಾರದಮ್ಮ ಇಂದಿಗೂ ಆರದ ಸಿಟ್ಟಿನಲ್ಲಿ ಹೇಳಿದರು.

ಅಂದರೆ ಸ್ವಾಗತ ಭಾಷಣಕ್ಕೆ ಐದು ನಿಮಿಷ ಬಿಟ್ಟು, ಐವತ್ತು ನಿಮಿಷ ಕತ್ತರಿಸಬೇಕು. ಸುದ್ದಿ ಫೋನಿನಲ್ಲಿ ಹಬ್ಬಿತು. ಹಾಡು ಮುಟ್ಟಬಾರದೆಂದು ಒಬ್ಬರು. ತಾಯಿ ಅಳುವುದನ್ನು ಮುಟ್ಟಬಾರದೆಂದು ಇನ್ನೊಬ್ಬರು. ಫೈಟಿಂಗು ತೆಗೆದರೆ ಮಕ್ಕಳು ಕೂರುವುದಿಲ್ಲ, ಮಕ್ಕಳು ಕೂರದಿದ್ದರೆ ತಾವು ಕೂರುವ ಹಾಗಿಲ್ಲವೆಂದು ಮೂರನೆಯವರು. ಕೊನೆಗೆ ಕತ್ತರಿಸಲು ಉಳಿದದ್ದು ಹೆಸರುಗಳು ಮಾತ್ರ, ಅದರಲ್ಲೂ ಮೊದಲು ನನ್ನದು.

"ಕತ್ತರಿಸೋದು ನಿಮ್ಮ ಕಸಬಾನ ಅಲ್ಲೇನ್ರೀ?" ಎಂದರು ಹಿರೇಮಠರು.

ಕಸಬು ಹೌದು. ಆದರೆ ಅದಕ್ಕೆ ಸಂಕಲನದ ಮೇಜು ಬೇಕು, ಫಿಲ್ಮು ಓಡಬೇಕು, ಕಣ್ಣಿಗೆ ಕಾಣಬೇಕು. ಅಡುಗೆಮನೆಯ ಕತ್ತರಿ ಹಿಡಿದು ಕೂತರೆ ಆಗುವುದಲ್ಲ. ಹಿರೇಮಠರು, "ನನ್ನ ಪೇಶಂಟ್ ಒಬ್ಬಾಕಿ ಅದಾಳ್ರೀ, ಓಕ್ಲ್ಯಾಂಡ್‌ನಾಗ. ಯುಗೊಸ್ಲಾವಿಯಾದಾಕಿ. ನಮ್ಮ ಡೆಂಟಲ್ ಕಾಲೇಜಿಗೆ ಹಲ್ಲಿನ ಸಿನಿಮಾ ಕತ್ತರಿಸಿ ಕೊಡ್ತಿದ್ಳು. ನೆವೆಂಕಾ ಅಂತ ಹೆಸರು, ನಾ ವೆಂಕಮ್ಮ ಅಂತೀನಿ" ಎಂದರು. ಕೂಡಲೇ ಫೋನು ಮಾಡಿದರು.

ಓಕ್ಲ್ಯಾಂಡ್, ಗುರುವಾರ

ಫ್ರೀವೇಯಲ್ಲಿ ಒಂದು ಗಂಟೆ. ಬಂದರಿನ ದೈತ್ಯ ಕ್ರೇನುಗಳು ಕಂಡ ಮೇಲೆ ಎಡಕ್ಕೆ ತಿರುಗಿ ಒಂದು ಸಣ್ಣ ಮನೆ. ವೆಂಕಮ್ಮ ಗರಾಜಿನ ಬಾಗಿಲಲ್ಲೇ ನಿಂತಿದ್ದಳು. ಅರವತ್ತು ದಾಟಿದ, ಗಂಡಸರ ಸ್ವೆಟರು ತೊಟ್ಟ, ಹುಬ್ಬು ಗಂಟಿಕ್ಕಿದ ಹೆಂಗಸು. ನನ್ನನ್ನು ಮೇಲಿಂದ ಕೆಳಗೆ ನೋಡಿದಳು. ನಮಸ್ಕಾರ ಇಲ್ಲ, ಹಲೋ ಇಲ್ಲ. ಒಂದು ತುಂಡು ಫಿಲ್ಮು ನನ್ನ ಕೈಗಿಟ್ಟು, ಇಂಗ್ಲಿಷಿನಲ್ಲಿ, "ಯಾವ ಕಡೆ?" ಎಂದಳು.

ನಾನು ಯೋಚಿಸದೆ ಅದನ್ನು ತುಟಿಗೆ ಮುಟ್ಟಿಸಿದೆ. ಚಿತ್ರ ಮೂಡಿರುವ ಬದಿ ತುಟಿಗೆ ಅಂಟುತ್ತದೆ, ಹಿಂಬದಿ ಅಂಟುವುದಿಲ್ಲ. ಮದರಾಸಿನಲ್ಲಿ ನನ್ನ ಗುರುಗಳು ಕಲಿಸಿದ ಮೊದಲ ಪಾಠ ಅದು. ನೆವೆಂಕಾಳ ಹುಬ್ಬು ಸಡಿಲವಾಯಿತು. "ಇಲ್ಲಿನ ಹುಡುಗರು ದೀಪಕ್ಕೆ ಹಿಡಿದು ನೋಡ್ತಾರೆ" ಎಂದಳು, ಅವರೆಲ್ಲ ಹಲ್ಲುಜ್ಜದವರೆಂಬ ಧ್ವನಿಯಲ್ಲಿ. ಹಿರೇಮಠರು ಮಾತ್ರ, "ಇಬ್ರೂ ಬಾಯಾಗ ಏನೇನು ಇಟ್ಕೋತೀರಿ, ಹಲ್ಲು ಹೋದ ಮ್ಯಾಲೆ ನನ್ನ ಕಡೆ ಬರ್ರಿ" ಎಂದು ಹೇಳಿ ಕ್ಲಿನಿಕ್ಕಿಗೆ ಹೋದರು.

ಗರಾಜಿನಲ್ಲಿ ಕಾರು ನಿಲ್ಲುವ ಜಾಗದಲ್ಲಿ ಸಂಕಲನದ ಮೇಜು. ದೊಡ್ಡ ಫಿಲ್ಮೂ ಸಣ್ಣ ಫಿಲ್ಮೂ ಎರಡೂ ಓಡುವಂಥದ್ದು. ಗೋಡೆಗೆ ಹೊಂದಿಕೊಂಡು ಡಬ್ಬಿಗಳ ಸಾಲು. ಅವಳು ತನ್ನ ಬೆರಳುಗಳನ್ನು ಮುಂದೆ ಚಾಚಿ ತೋರಿಸಿದಳು. ಬಲಗೈ ನಡುಗುತ್ತಿತ್ತು. ಒಂದು ವರ್ಷದಿಂದ ಹೀಗೆ. ಹಲ್ಲಿನ ಸಿನಿಮಾ ಬಿಡಬೇಕಾಯಿತು. ಈಗ ಬರ್ಕ್ಲಿಯ ಒಂದು ಪುಟ್ಟ ಚಿತ್ರಮಂದಿರಕ್ಕೆ ಬರುವ ಹಳೆಯ ಪ್ರಿಂಟುಗಳನ್ನು ಓಡಿಸಿ ನೋಡಿ, ಎಲ್ಲಿ ಹರಿದಿದೆ ಎಂದು ಚೀಟಿ ಅಂಟಿಸುವುದೊಂದೇ ಕೆಲಸ.

"ಎಲ್ಲಿ ಕತ್ತರಿಸಬೇಕು ಅಂತ ನಾನು ಹೇಳ್ತೀನಿ. ಕೈ ನಿನ್ನದು" ಎಂದಳು. ಹಾಗೆಂದು ಒಪ್ಪಂದವಾಯಿತು.

ಒಂದು ಪದ ಕನ್ನಡ ಬಾರದ ಹೆಂಗಸು ನನ್ನ ಸಿನಿಮಾ ನೋಡತೊಡಗಿದಳು. ನನಗೋ ಕಂಕುಳಲ್ಲಿ ಬೆವರು. ನಾನು ತಂದಂಥ ಸಣ್ಣ ಫಿಲ್ಮಿನಲ್ಲಿ ಮಾತು ಚಿತ್ರಕ್ಕಿಂತ ಒಂದು ಸೆಕೆಂಡು ಮುಂದೆ ಅಚ್ಚಾಗಿರುತ್ತದೆ. ಹಾಗಾಗಿ ಕಂಡಲ್ಲಿ ಕತ್ತರಿಸಿದರೆ ಮುಂದೆ ಬರುವವನ ಮೊದಲ ಮಾತು ಹಾರಿಹೋಗುತ್ತದೆ. ನೆವೆಂಕಾ ಪಾತ್ರಗಳ ಬಾಯಿ ನೋಡಲಿಲ್ಲ, ಎದೆ ನೋಡಿದಳು. ಉಸಿರು ಎಳೆದುಕೊಳ್ಳುವ ಮುನ್ನ ಸರಿಯಾಗಿ ಒಂದು ಸೆಕೆಂಡು ಸುಮ್ಮನಿರುವ ಜಾಗ ಹುಡುಕಿ, "ಇಲ್ಲಿ" ಎನ್ನುತ್ತಿದ್ದಳು. ಒಂದು ಮಾತೂ ಹಾಳಾಗಲಿಲ್ಲ. ಮದರಾಸಿನಲ್ಲಿ ಹತ್ತು ವರ್ಷ ಕನ್ನಡ ಸಿನಿಮಾ ಮಾಡಿದ ನಾನು ತೆಪ್ಪಗೆ ಟೇಪು ಹಚ್ಚುತ್ತಾ ಕೂತೆ.

ಹಾಸ್ಯನಟನ ಉಪಕಥೆ ಇಡಿಯಾಗಿ ಹೋಯಿತು. ಅವನ ಮೂಲವ್ಯಾಧಿಯ ಋಣ ನನ್ನ ಮೇಲಿದ್ದದ್ದರಿಂದ ಕೊಂಚ ಸಂಕಟವಾಯಿತು, ಆದರೆ ಕೊಂಚವೇ. ನಾಯಕ ಮೂರು ಸಲ ಅಳುತ್ತಿದ್ದ, ಒಂದು ಉಳಿಯಿತು. ಆಮೇಲೆ ಅವಳು ಪರದೆಯತ್ತ ಬೆರಳು ಮಾಡಿ, "ಇವರು ಎಷ್ಟು ಕಾಫಿ ಕುಡೀತಾರೆ?" ಎಂದಳು.

ಎಣಿಸಿದೆವು. ಒಂಬತ್ತು ಕಡೆ ಯಾರೋ ಬರುತ್ತಾರೆ, ಕೂರುತ್ತಾರೆ, ಕಾಫಿ ಬರುತ್ತದೆ, ಕುಡಿಯುತ್ತಾರೆ, ಲೋಟ ಕೆಳಗಿಡುತ್ತಾರೆ, ಆಮೇಲೆ ಮಾತು. "ನಮ್ಮಲ್ಲೂ ಹೀಗೇ. ಕಾಫಿ ಕುಡಿಯದೆ ಯಾರೂ ಕ್ರಾಂತಿ ಮಾಡ್ತಿರಲಿಲ್ಲ. ಸಿನಿಮಾ ಉದ್ದವಾಯ್ತಾ, ಮೊದಲು ಕಾಫಿ ಕತ್ತರಿಸು" ಎಂದಳು. ನನಗೂ ಸರಿಯೆನಿಸಿತು. ಒಂಬತ್ತು ಕಾಫಿಯ ತುಂಡುಗಳನ್ನೂ ತೆಗೆದು ಮೊಳೆಗೆ ನೇತುಹಾಕಿದೆ. ಹಾಗೆ ಹೇಳಿ ಅವಳು ನನಗೆ ತಾಮ್ರದ ಪಾತ್ರೆಯಲ್ಲಿ ಕುದಿಸಿದ ಕಾಫಿ ಕೊಟ್ಟಳು. ಅರ್ಧ ಲೋಟ ಗಸಿ. ಅಂದು ನನ್ನ ಎಡಗಣ್ಣು ಸಂಜೆಯವರೆಗೆ ಹೊಡೆದುಕೊಳ್ಳುತ್ತಿತ್ತು.

ಓಕ್ಲ್ಯಾಂಡ್, ಶುಕ್ರವಾರ

ಅವಳ ವೃತ್ತಿಯ ಕಥೆ ಬಿಚ್ಚಿಕೊಂಡದ್ದು ಮರುದಿನ, ಕೊನೆಯ ರೀಲಿನ ಹೊತ್ತಿಗೆ.

ಹತ್ತೊಂಬತ್ತನೆಯ ವಯಸ್ಸಿಗೆ ಬೆಲ್‌ಗ್ರೇಡಿನ ಫಿಲ್ಮ್ ಲ್ಯಾಬಿಗೆ ಸೇರಿದ್ದಳು. ಅವಳಮ್ಮ ಕೈಚೀಲ ಹೊಲಿಯುವವಳು, ಮಗಳಿಗೆ ಸೂಜಿ ಗೊತ್ತಿತ್ತು, ಆದ್ದರಿಂದ ಫಿಲ್ಮು ಅಂಟಿಸಲು ಕೂರಿಸಿದರು. ಆಗಷ್ಟೇ ಯುದ್ಧ ಮುಗಿದಿತ್ತು. ದೇಶ ತುಂಬ ಯುದ್ಧದ ಸಿನಿಮಾಗಳೇ. ಪ್ರತಿ ಚಿತ್ರಕ್ಕೂ ಒಬ್ಬ ನಿವೃತ್ತ ಕರ್ನಲ್ ಸಲಹೆಗಾರ. ಅವನು ಸಂಕಲನದ ಕೋಣೆಗೇ ಬಂದು ಕುರ್ಚಿ ಎಳೆದುಕೊಂಡು ಕೂರುತ್ತಿದ್ದ. ತನ್ನ ತುಕಡಿ ನದಿ ದಾಟುವುದು ಎರಡು ನಿಮಿಷವೇ, ಪಕ್ಕದ ತುಕಡಿಯದು ಮೂರು ನಿಮಿಷವೇ, ಇದೇನು ನ್ಯಾಯ ಎಂದು ಜಗಳ. ನೆವೆಂಕಾ ಎರಡನ್ನೂ ಎರಡೂವರೆ ಮಾಡಿ, ಕರ್ನಲ್ ಊಟಕ್ಕೆ ಹೋದಾಗ ತನಗೆ ಬೇಕಾದಂತೆ ಕತ್ತರಿಸುತ್ತಿದ್ದಳು.

"ಒಂದು ಸೇತುವೆ ಇತ್ತು. ಒಂದೇ ಸಲ ಸ್ಫೋಟಿಸಿದ್ದರು. ನಾಲ್ಕು ಸಿನಿಮಾದಲ್ಲಿ ಹಾರಿಸಿದೆ" ಎಂದಳು. ನಾನು ಬಿದ್ದುಬಿದ್ದು ನಕ್ಕೆ, ಏಕೆಂದರೆ ನಮ್ಮಲ್ಲೂ ಒಂದು ಜಲಪಾತವಿದೆ, ಅದು ಏಳು ನಾಯಕಿಯರನ್ನು ಕೊಚ್ಚಿಕೊಂಡು ಹೋಗಿದೆ.

ಅವಳ ಸಿನಿಮಾಗಳಲ್ಲಿ ಸೈನಿಕನ ವೇಷದವರ ಕೊರತೆಯಿಂದ ಒಬ್ಬನೇ ಬೆಳಿಗ್ಗೆ ನಮ್ಮವನು, ಮಧ್ಯಾಹ್ನ ಶತ್ರು. ಒಂದು ಕದನದಲ್ಲಿ ಒಬ್ಬ ಗುಂಡು ಹಾರಿಸುತ್ತಾನೆ, ಅದು ತಗುಲಿ ಬೀಳುವವನೂ ಅವನೇ. ನೆವೆಂಕಾ ತಿಳಿಯದೆ ಜೋಡಿಸಿಬಿಟ್ಟಿದ್ದಳು. ಯಾರಿಗೂ ಗೊತ್ತಾಗಲಿಲ್ಲ. ಎಷ್ಟೋ ವರ್ಷದ ಮೇಲೆ ಒಂದು ಹೋಟೆಲಿನಲ್ಲಿ ಮಾಣಿಯೊಬ್ಬ ಅವಳಿಗೆ ಸೂಪು ಬಡಿಸಿ, "ನನ್ನನ್ನು ನನ್ನ ಕೈಯಿಂದಲೇ ಕೊಲ್ಲಿಸಿದವರು ನೀವೇ ಅಲ್ಲವೇ, ಮನೆಯವರೆಲ್ಲ ತುಂಬಾ ಮೆಚ್ಚಿಕೊಂಡರು" ಎಂದನಂತೆ.

ಆಮೇಲೆ ಜರ್ಮನ್ ಸಿನಿಮಾದವರು ಬಂದರು. ನೆವೆಂಕಾಳ ದೇಶದ ಬೆಟ್ಟಗಳಲ್ಲಿ ಕೌಬಾಯ್ ಸಿನಿಮಾ ತೆಗೆದರು. ಸಮುದ್ರತೀರದ ಮೀನುಗಾರರಿಗೆ ಗರಿ ಸಿಕ್ಕಿಸಿ ರೆಡ್ ಇಂಡಿಯನ್ ಮಾಡಿದರು. "ಅಮೆರಿಕಾ ನೋಡುವ ಎಷ್ಟೋ ಮೊದಲೇ ನಾನು ಅಮೆರಿಕಾನ ಕತ್ತರಿಸಿದ್ದೆ" ಎಂದಳು ನೆವೆಂಕಾ. "ನಿಜವಾದದ್ದು ಕೊಂಚ ಉದ್ದವಾಯ್ತು."

ಎದ್ದು ಹೋಗಿ ಕಪಾಟಿನ ಮೇಲಿನಿಂದ ಒಂದು ಬಿಸ್ಕತ್ತಿನ ಡಬ್ಬಿ ತಂದು ಮೇಜಿನ ಮೇಲಿಟ್ಟಳು. ಒಳಗೆ ಸುತ್ತಿಟ್ಟ ಫಿಲ್ಮು.

ವ್ಲಾಡೊ ಎಂಬ ನಿರ್ದೇಶಕನೊಡನೆ ಅವಳು ಒಂಬತ್ತು ಸಿನಿಮಾ ಮಾಡಿದ್ದಳು. "ಗಂಡನಲ್ಲ. ಗಂಡನ ಜೊತೆ ನಾನು ಅಷ್ಟು ಹೊತ್ತು ಕಳೆದಿಲ್ಲ" ಎಂದಳು. ಒಂಬತ್ತನೆಯ ಚಿತ್ರದಲ್ಲಿ ಹನ್ನೊಂದು ನಿಮಿಷದ ಒಂದು ದೃಶ್ಯ. ಯುದ್ಧ ಮುಗಿದಿದೆ, ದೊಡ್ಡ ಮನುಷ್ಯನೊಬ್ಬ ರೈಲಿನಲ್ಲಿ ಹಳ್ಳಿಗೆ ಬರಬೇಕು. ಸ್ಟೇಷನ್ನಿನಲ್ಲಿ ಬ್ಯಾಂಡು. ಒಬ್ಬ ಮುದುಕಿಯ ಮನೆಯಿಂದ ತಂದ ರತ್ನಗಂಬಳಿ ಹಾಸಿದ್ದಾರೆ. ರೈಲು ಬರುತ್ತದೆ, ಹೋಗುತ್ತದೆ, ಯಾರೂ ಇಳಿಯುವುದಿಲ್ಲ. ಬ್ಯಾಂಡು ನುಡಿಸುತ್ತಲೇ ಇರುತ್ತದೆ. ಕತ್ತಲಾಗುವ ಮೊದಲು ಮುದುಕಿ ಬಂದು ತನ್ನ ಕಂಬಳಿ ಸುತ್ತಿಕೊಂಡು ಮನೆಗೆ ಹೋಗುತ್ತಾಳೆ. ಒಂದು ಮಾತಿಲ್ಲ. ಮಂತ್ರಿಗಾಗಿ ಬಿಸಿಲಲ್ಲಿ ಧ್ವಜ ಹಿಡಿದು ಶಾಲೆಯ ಅರ್ಧ ಬಾಲ್ಯ ಕಳೆದ ನನಗೆ ಅದು ಯಾವ ವಿವರಣೆಯೂ ಬೇಕಿಲ್ಲದ ದೃಶ್ಯ.

ಸೆನ್ಸಾರ್ ಸಮಿತಿಯ ಐವರಿಗೂ ವಿವರಣೆ ಬೇಕಾಗಲಿಲ್ಲ. ಬೆಳಗಾಗುವುದರೊಳಗೆ ಆ ಹನ್ನೊಂದು ನಿಮಿಷ ತೆಗೆದು ಸುಡಬೇಕು, ಇಲ್ಲವಾದರೆ ಇಡೀ ಚಿತ್ರ ನೆಲಮಾಳಿಗೆಗೆ ಎಂದರು. ವ್ಲಾಡೊ ಆಗ ಪ್ಯಾರಿಸಿನಲ್ಲಿದ್ದ. ಫೋನು ಸಿಗಲಿಲ್ಲ. ನೆವೆಂಕಾ ಕತ್ತರಿಸಿದಳು. ಸುಡಲಿಲ್ಲ, ಬಿಸ್ಕತ್ತಿನ ಡಬ್ಬಿಯಲ್ಲಿ ಬಚ್ಚಿಟ್ಟಳು. ಚಿತ್ರ ಬಿಡುಗಡೆಯಾಯಿತು. ವ್ಲಾಡೊ ಮರಳಿ ಬಂದು ನೋಡಿ, ನೂರಾರು ಜನರ ಎದುರು ಅವಳನ್ನು ಕಟುಕಿ ಎಂದು ಕರೆದು, ದೇಶ ಬಿಟ್ಟು ಹೋದ. ಅಂದಿನಿಂದ ಹದಿನಾಲ್ಕು ವರ್ಷ ಒಂದು ಮಾತಿಲ್ಲ. ಲೋಕವೆಲ್ಲ ಸುತ್ತಿ ತನ್ನ ಹನ್ನೊಂದು ನಿಮಿಷವನ್ನು ಕೊಂದವಳ ಬಗ್ಗೆ ಭಾಷಣ ಮಾಡುತ್ತಿದ್ದ. ಡಬ್ಬಿಯ ವಿಷಯ ಹೇಳಲು ಅವಳು ಮೂರು ಕಾಗದ ಬರೆದಿದ್ದಳು. ಮೂರೂ ಒಡೆಯದೆ ವಾಪಸು ಬಂದವು. ಮಗಳ ಜೊತೆ ಇರಲು ಅವಳು ಇಲ್ಲಿಗೆ ಬಂದಳು.

"ಭಾನುವಾರ ಮಧ್ಯಾಹ್ನ ಬರ್ಕ್ಲಿಯಲ್ಲಿ ಆ ಸಿನಿಮಾ" ಎಂದಳು. ಮೂಲೆಯಲ್ಲಿದ್ದ ಡಬ್ಬಿಗಳತ್ತ ಕೈ ಮಾಡಿದಳು. "ಪ್ರಿಂಟು ಅಲ್ಲಿದೆ, ಪರೀಕ್ಷೆಗೆ ನನ್ನ ಹತ್ತಿರವೇ ಕಳಿಸಿದ್ದಾರೆ. ಅದರಲ್ಲಿರೋದು ನನ್ನ ಹಳೇ ಹೆಸರು, ಸಂಕಲನ ನನ್ನದೇ ಅಂತ ಅವರಿಗೆ ಗೊತ್ತಿಲ್ಲ. ವ್ಲಾಡೊ ಬರ್ತಿದ್ದಾನೆ."

"ನೀವು ಹೋಗ್ತೀರಾ?"

"ಇಲ್ಲ. ಆ ದೃಶ್ಯ ಇಲ್ಲ ಅಂತ ಒಬ್ಬ ಪ್ರೇಕ್ಷಕನಿಗೂ ಅನ್ನಿಸಿಲ್ಲ. ಸಿನಿಮಾ ಉಳೀತು. ನನಗೆ ಅಷ್ಟು ಸಾಕು" ಎಂದು ಡಬ್ಬಿ ಮುಚ್ಚಿದಳು. ಸಾಕು ಎಂದವಳು ಮುಚ್ಚಳವನ್ನು ಅಷ್ಟು ಜೋರಾಗಿ ಕುಕ್ಕುವುದಿಲ್ಲ.

ಲಾಸ್ ಆಲ್ಟೋಸ್

ಶನಿವಾರ ಕಾಂಜೀವರಂ ಸೀರೆಗಳೂ ಟೆನಿಸ್ ಬೂಟುಗಳೂ ಒಟ್ಟೊಟ್ಟಿಗೆ ಕಾರುಗಳಿಂದಿಳಿದವು. ಲಾಸ್ ಆಲ್ಟೋಸ್ ಎಷ್ಟು ನಿಶ್ಶಬ್ದವಾದ ಊರೆಂದರೆ ನಮ್ಮವರು "ಹ್ಯಾಗಿದೀರಾ" ಎಂದದ್ದಕ್ಕೆ ಎದುರು ಮನೆಯಾಕೆ ಕಿಟಕಿ ತೆರೆದು ನೋಡಿದಳು. ಸ್ವಾಗತ ಭಾಷಣವನ್ನು ಹಿರೇಮಠರು ತಮ್ಮ ಹಲ್ಲು ಕೀಳುವ ವೇಗದಲ್ಲಿ ಮುಗಿಸಿದರು. ನೆವೆಂಕಾಳನ್ನು ನಾನೇ ಕರೆದಿದ್ದೆ. ಅವಳು ಕೊನೆಯ ಸಾಲಿನಲ್ಲಿ ಕೂತಳು, ಪರದೆಯ ಕಡೆ ನೋಡಲೇ ಇಲ್ಲ. ಜನರ ಕತ್ತುಗಳನ್ನು ನೋಡುತ್ತಿದ್ದಳು. ನಾನೂ ಅದನ್ನೇ ಮಾಡುತ್ತೇನೆ. ಬೇಸರ ಬಂದರೆ ಮೊದಲು ಅಲುಗುವುದು ಕತ್ತು.

ಮೊದಲ ಅರ್ಧ ಗಂಟೆ ಒಂದು ಕತ್ತೂ ಅಲುಗಲಿಲ್ಲ. ನಾನು ಮನಸ್ಸಿನಲ್ಲೇ ಬೀಗಿದೆ.

ಚಿತ್ರದಲ್ಲಿ ಖಳನಾಯಕ ತನ್ನ ಮಗನಿಗೆ ಹೆಣ್ಣು ಕೇಳಲು ನಾಯಕಿಯ ಮನೆಗೆ ಬರುತ್ತಾನೆ. ನಾಯಕಿಯ ತಂದೆ ಸಾಧುವಾದ ಮೇಷ್ಟ್ರು. ಕೂರಿಸಿ, ಕಾಫಿ ಕೊಟ್ಟು, ಕುಶಲ ವಿಚಾರಿಸಿ, ಆಮೇಲೆ ನಯವಾಗಿ ಆಗುವುದಿಲ್ಲವೆನ್ನುತ್ತಾರೆ. ಖಳ ಸೇಡು ತೀರಿಸಿಕೊಳ್ಳುವುದಾಗಿ ಶಪಥ ಮಾಡುತ್ತಾನೆ. ನಮ್ಮ ಹೊಸ ಆವೃತ್ತಿಯಲ್ಲಿ ಅವನು ಬಂದ, ಕೂತ, ಮೇಷ್ಟ್ರು ಆಗುವುದಿಲ್ಲವೆಂದರು, ಅವನು ಎದ್ದ. ಸಭೆಯಲ್ಲಿ ಗುಜುಗುಜು ಶುರುವಾಯಿತು.

ಮುಂದೆ ಖಳ ಹತ್ತು ಜನರೆದುರು ಮೇಷ್ಟ್ರನ್ನು ಹೀಯಾಳಿಸುವ ದೃಶ್ಯ. ಬೆಂಗಳೂರಿನಲ್ಲಿ ಈ ದೃಶ್ಯಕ್ಕೆ ಹೆಂಗಸರು ಸೆರಗಿನಿಂದ ಕಣ್ಣೊರೆಸಿಕೊಳ್ಳುತ್ತಿದ್ದರು. ಲಾಸ್ ಆಲ್ಟೋಸಿನಲ್ಲಿ ಚಪ್ಪಾಳೆ ಬಿತ್ತು.

"ಸರಿಯಾಗ್ ಮಾಡ್ದ!" ಎಂದು ಯಾರೋ ಕೂಗಿದರು.

ಹೊರಗೆ ಬರುವಾಗ ಮೈಸೂರಿನಿಂದ ಮಗಳ ಬಾಣಂತನಕ್ಕೆ ಬಂದಿದ್ದ ಅಜ್ಜಿಯೊಬ್ಬರು ನನ್ನನ್ನು ತಡೆದು ನಿಲ್ಲಿಸಿದರು. "ಅಲ್ಲಪ್ಪಾ, ಮನೆಗೆ ಬಂದೋರಿಗೆ ಒಂದು ಲೋಟ ಕಾಫಿ ಕೊಡ್ದೆ ಕಳಿಸ್ತಾನಲ್ಲ, ಅವನೆಂಥ ಮೇಷ್ಟ್ರು? ಹೆಣ್ ಕೊಡ್ದಿದ್ರೆ ಬೇಡ, ಕಾಫಿಗೇನ್ ಬಂದಿತ್ತು ದಾಡಿ? ಅವನ್ ಮೇಲೆ ಬಂದೋನಿಗೆ ಸಿಟ್ ಬಂದಿದ್ದು ನ್ಯಾಯಾನೇ."

"ನಮ್ಮ ಅಪಾರ್ಟ್‌ಮೆಂಟಿಗೆ ಪ್ಲಂಬರ್ ಬಂದ್ರೂ ನಾನು ಕಾಫಿ ಕೊಡ್ತೀನಿ" ಎಂದು ಅವರ ಮಗಳು ಸೇರಿಸಿದರು.

ಇಬ್ಬರು ಪಳಗಿದ ಸಂಕಲನಕಾರರು ಸೇರಿ, ಒಂದು ಮಾತೂ ಹಾಳಾಗದಂತೆ ಕತ್ತರಿಸಿ, ಊರಿಗೆ ಉಪಕಾರಿಯಾದ ಮೇಷ್ಟ್ರನ್ನು ಜಿಪುಣ ಒರಟನನ್ನಾಗಿ ಮಾಡಿದ್ದೆವು. ಸಿನಿಮಾ ಓಡಿತ್ತು, ಜನ ಖುಷಿಯಾಗಿದ್ದರು, ಆದರೆ ಅವರು ನೋಡಿದ್ದು ಬೇರೆಯೇ ಕಥೆ.

ನೆವೆಂಕಾ ನನ್ನ ತೋಳು ಹಿಡಿದು, ಅಜ್ಜಿ ಏನೆಂದರೆಂದು ಕೇಳಿದಳು. ಸುಳ್ಳು ಹೇಳೋಣವೆನಿಸಿತು. ಹೇಳಲಾಗಲಿಲ್ಲ. ಇದ್ದದ್ದು ಇದ್ದಂತೆ ಹೇಳಿದೆ. ಮೊದಲು ನಕ್ಕಳು. ಆಮೇಲೆ ಶಾಲೆಯ ಮೆಟ್ಟಿಲ ಮೇಲೆ ಕೂತುಬಿಟ್ಟಳು. ಒಳಗೆ ಮಕ್ಕಳ ಬ್ಯಾಂಡು ಶ್ರುತಿ ತಪ್ಪಿ ಊದತೊಡಗಿತ್ತು.

"ಯಾರಿಗೂ ಗೊತ್ತಾಗಲಿಲ್ಲ, ಯಾರಿಗೂ ಗೊತ್ತಾಗಲಿಲ್ಲ ಅಂತ ಹದಿನಾಲ್ಕು ವರ್ಷ ಸಮಾಧಾನ ಮಾಡ್ಕೊಂಡೆ" ಎಂದಳು. "ಗೊತ್ತಾಗದೇ ಇದ್ದರೂ ಸಿನಿಮಾ ಬೇರೆ ಆಗತ್ತೆ. ನಡಿ, ಆ ಹನ್ನೊಂದು ನಿಮಿಷ ಇವತ್ತೇ ಸೇರಿಸಿಬಿಡೋಣ."

ಓಕ್ಲ್ಯಾಂಡ್, ಶನಿವಾರ ಸಂಜೆ

ನನಗೆ ಭಯವಾಯಿತು. ಪರರ ಪ್ರಿಂಟು. ನನ್ನ ಪಾಸ್‌ಪೋರ್ಟಿನಲ್ಲಿ ಕಸ್ಟಮ್ಸಿನವರ ಕಣ್ಣೀರು ಇನ್ನೂ ಆರಿರಲಿಲ್ಲ. "ಇದು ಕಾನೂನಿಗೆ ವಿರೋಧವಲ್ಲವೇ?" ಎಂದು ಹಿರೇಮಠರನ್ನು ಕೇಳಿದೆ. "ಹಲ್ಲು ಕೀಳೂದು ತಪ್ಪಿರಬಹುದು. ಕಿತ್ತ ಹಲ್ಲು ಮತ್ತ ಕೂಡಸೂದು ಯಾ ಕಾನೂನಿನಾಗ ತಪ್ಪದರೀ?" ಎಂದು ಅವರು ದೀಪ ಹಿಡಿದು ನಿಂತರು.

ಮೂರನೆಯ ರೀಲಿನಲ್ಲಿ ಹಳೆಯ ಗಾಯ ಕಂಡಿತು. ನೆವೆಂಕಾ ಎಲ್ಲಿ ಎಂದು ತೋರಿಸಿದಳು. ನಾನು ಕತ್ತರಿಸಿ, ಹನ್ನೊಂದು ನಿಮಿಷವನ್ನು ಒಳಗಿಟ್ಟು, ಎರಡು ತುದಿಗೂ ಟೇಪು ಹಚ್ಚಿದೆ. ಅರ್ಧ ಗಂಟೆಯ ಕೆಲಸ. ಅವಳು ಅಷ್ಟು ಹೊತ್ತೂ ನಡುಗುವ ಕೈಯನ್ನು ಇನ್ನೊಂದು ಕೈಯಿಂದ ಹಿಡಿದುಕೊಂಡು ನಿಂತಿದ್ದಳು.

ಬರ್ಕ್ಲಿ

ಬರ್ಕ್ಲಿಯ ಆ ಚಿತ್ರಮಂದಿರದಲ್ಲಿ ಎಂಬತ್ತು ಕುರ್ಚಿ, ಅರ್ಧಕ್ಕೂ ಹೆಚ್ಚು ಗಡ್ಡ. ಚಪ್ಪಲಿ ಹಾಕದೆ ಬಂದ ಒಬ್ಬ ವಿದ್ಯಾರ್ಥಿಯನ್ನು ಕಂಡು ಇವನಾರೋ ವ್ರತದಲ್ಲಿದ್ದಾನೆಂದುಕೊಂಡೆ. ವ್ಲಾಡೊ ವೇದಿಕೆಗೆ ಬಂದ. ಎತ್ತರದ ಮನುಷ್ಯ, ಕೆಂಪು ಮಫ್ಲರು, ಕೈ ಬೀಸಿ ಮಾತಾಡುವ ರೀತಿ. ನಮ್ಮ ಮದರಾಸಿನ ಯಾವ ನಿರ್ದೇಶಕನಿಗೂ ಕಡಿಮೆಯಿಲ್ಲ. ನೆವೆಂಕಾ ಕೊನೆಯ ಸಾಲಿನಲ್ಲಿ ನನ್ನ ಮತ್ತು ಹಿರೇಮಠರ ನಡುವೆ ಕೂತಿದ್ದಳು. ಅವನು ಅವಳನ್ನು ನೋಡಲಿಲ್ಲ.

ದೀಪ ಆರಿತು. ಹೆಸರುಗಳು ಮುಗಿಯುತ್ತಿದ್ದಂತೆ ವ್ಲಾಡೊ ಎದ್ದು ಸಿಗರೇಟು ತೆಗೆಯುತ್ತಾ ಹೊರಗೆ ಹೋದ.

"ಎಲ್ಲಿಗ್ ಹೊಂಟಾನ್ರೀ?" ಎಂದು ಹಿರೇಮಠರು ಗಾಬರಿಯಾದರು.

ಇದನ್ನು ನಾನು ಯೋಚಿಸಬೇಕಾಗಿತ್ತು. ಯಾವ ನಿರ್ದೇಶಕನೂ ತನ್ನ ಹಳೆಯ ಸಿನಿಮಾವನ್ನು ಪೂರ್ತಿ ಕೂತು ನೋಡುವುದಿಲ್ಲ. ನೋಡುವ ಕರ್ಮ ನಮ್ಮದು. ನೆವೆಂಕಾ ನನ್ನತ್ತ ತಿರುಗಿದಳು. ಅವಳ ಮುಖ ನೋಡಲಾಗಲಿಲ್ಲ. ಅಷ್ಟು ದೂರದಿಂದ ಹೊತ್ತು ತಂದು ಅವನಿಗಾಗಿ ಅಂಟಿಸಿದ್ದು ಅವನಿಲ್ಲದ ಕೋಣೆಯಲ್ಲಿ ಓಡಲಿತ್ತು.

ರೈಲು ಬಂತು, ಹೋಯಿತು. ಬ್ಯಾಂಡು ನುಡಿಸಿತು. ಮುದುಕಿ ಕಂಬಳಿ ಸುತ್ತಿದಳು. ಕಂಬಳಿ ಭಾರವಿತ್ತು, ನಡುವೆ ಒಮ್ಮೆ ಕೂತು ಸುಧಾರಿಸಿಕೊಂಡಳು. ಗಡ್ಡಗಳೆಲ್ಲ ನಕ್ಕವು, ಆಮೇಲೆ ನಗು ನಿಂತಿತು. ಎಂಬತ್ತು ಕತ್ತುಗಳಲ್ಲಿ ಕೆಲವು ಅಲುಗಿದವು, ಹೆಚ್ಚಿನವು ಅಲುಗಲಿಲ್ಲ. ನನ್ನ ಕಣ್ಣು ತುಂಬಿತು. ಈ ಸಲ ಚಟ್ನಿಪುಡಿಯಿರಲಿಲ್ಲ.

ಸಿನಿಮಾ ಮುಗಿದ ಮೇಲೆ ವ್ಲಾಡೊ ಹೊಗೆಯ ವಾಸನೆಯೊಂದಿಗೆ ಒಳಬಂದು ಮೈಕಿನ ಮುಂದೆ ನಿಂತ. "ಸ್ನೇಹಿತರೇ, ನೀವು ಈಗ ನೋಡಿದ್ದು ಹೃದಯ ಕಿತ್ತ ಸಿನಿಮಾ" ಎಂದು ಪ್ರಾರಂಭಿಸಿದ. ಕಳೆದುಹೋದ ಹನ್ನೊಂದು ನಿಮಿಷದ ವರ್ಣನೆ ಮಾಡಿದ. ಸ್ಟೇಷನ್ನು, ಬ್ಯಾಂಡು, ಮುದುಕಿ. ಒಬ್ಬ ಕಟುಕಿ ಅದನ್ನು ಬೆಂಕಿಗೆ ಹಾಕಿದಳೆಂದ. ಸಭೆಯವರು ಒಬ್ಬರ ಮುಖ ಒಬ್ಬರು ನೋಡಿಕೊಂಡರು. ಬರಿಗಾಲಿನ ವಿದ್ಯಾರ್ಥಿ ಕೈ ಎತ್ತಿದ.

"ಆದರೆ ಅದನ್ನ ನಾವು ಈಗ ನೋಡಿದೆವಲ್ಲ?"

ವ್ಲಾಡೊ ಕರುಣೆಯಿಂದ ನಕ್ಕ. "ಇಲ್ಲಪ್ಪಾ, ಅದು ಇಲ್ಲ."

"ಇತ್ತು" ಎಂದರು ಇನ್ನೊಬ್ಬರು. "ಕಂಬಳಿಯ ತುದಿ ನೆಲಕ್ಕೆ ಉಜ್ಜುತ್ತಾ ಹೋಗುತ್ತದೆ" ಎಂದರು ಮತ್ತೊಬ್ಬರು. ವ್ಲಾಡೊನ ಬೀಸುತ್ತಿದ್ದ ಕೈ ಗಾಳಿಯಲ್ಲೇ ನಿಂತಿತು.

ನೆವೆಂಕಾ ಎದ್ದು ನಿಂತಳು. ಎಲ್ಲರೂ ತಿರುಗಿ ನೋಡಿದರು. ವ್ಲಾಡೊ ಅವಳನ್ನು ಗುರುತಿಸಿದ. ಆಮೇಲೆ ವೇದಿಕೆಯಿಂದಿಳಿದು ನಮ್ಮ ಸಾಲಿನವರೆಗೆ ನಡೆದು ಬಂದ. ಹೊಡೆದೇಬಿಡುತ್ತಾನೆಂದು ನಾನು ಎದ್ದು ಅಡ್ಡ ನಿಂತೆ. ಅವನು ನನ್ನನ್ನು ಪರದೆಯಂತೆ ಪಕ್ಕಕ್ಕೆ ಸರಿಸಿ, ಅವರ ಭಾಷೆಯಲ್ಲಿ ಒಂದು ಪದ ಕೇಳಿದ. ಅವಳು ಎರಡು ಪದ ಹೇಳಿದಳು. ಅವನು ಇನ್ನೊಂದು ಪದ ಕೇಳುತ್ತಾ ನನ್ನ ಕುರ್ಚಿಯಲ್ಲಿ ಕೂತುಬಿಟ್ಟ. ಸಭೆ, ಮೈಕು, ಎಲ್ಲ ಮರೆತು ಇಬ್ಬರೂ ಬೆರಳುಗಳ ನಡುವೆ ಅಂತರ ಅಳೆಯುತ್ತಾ ಮಾತಾಡತೊಡಗಿದರು. ಸಂಘಟಕರು ಕಾದೂ ಕಾದೂ ಕೊನೆಗೆ ದೀಪ ಹಾಕಿ ಜನರನ್ನು ಕಳಿಸಿದರು.

ಓಕ್ಲ್ಯಾಂಡಿಗೆ ಹಿಂತಿರುಗುವಾಗ ನೆವೆಂಕಾ ಮುಂದಿನ ಸೀಟಿನಲ್ಲಿ ಕೂತು ಕಿಟಕಿಯ ಕಡೆ ಮುಖ ಮಾಡಿದ್ದಳು. ಅಳುತ್ತಿದ್ದಾಳೆಂದು ಭುಜದಿಂದ ತಿಳಿಯಿತು. ನನಗೆ ತಡೆಯಲಾಗಲಿಲ್ಲ, ಅವನು ಏನು ಕೇಳಿದನೆಂದು ಕೇಳಿಯೇಬಿಟ್ಟೆ.

"ಯಾಕೆ ಕತ್ತರಿಸಿದೆ ಅಂತ ಕೇಳ್ತಾನೆ ಅಂದುಕೊಂಡು ಹದಿನಾಲ್ಕು ವರ್ಷ ಉತ್ತರ ರೆಡಿ ಮಾಡಿಟ್ಟಿದ್ದೆ" ಎಂದಳು. "ಅವನು ಕೇಳಿದ್ದು, ಉದ್ದವಾಯ್ತಾ? ನಾನು ಅಂದೆ, ನಾಲ್ಕು ನಿಮಿಷ. ಅವನು ಕೇಳಿದ, ಎಲ್ಲಿ?"

"ಕೂಡಿಸಿದ ಹನ್ನೊಂದರಾಗ ಮತ್ತ ನಾಲ್ಕು ಕೀಳೂದೇನ್ರೀ?" ಎಂದರು ಹಿರೇಮಠರು ಕಾರು ಓಡಿಸುತ್ತಾ.

"ನಾಳೆ ಬೆಳಿಗ್ಗೆ ಒಂಬತ್ತಕ್ಕೆ ಗರಾಜಿಗೆ ಬರ್ತಾನೆ" ಎಂದು ಅವಳು ಮೂಗೊರೆಸಿಕೊಂಡಳು. ಟೇಪು ಹಚ್ಚಲು ನಾನೂ ಬರುವೆನೆಂದೆ.

"ನೀನು ಬರಬೇಡ. ದೊಡ್ಡ ಜಗಳ ಆಗತ್ತೆ" ಎಂದಳು. "ನನ್ನ ಭಾಷೇಲಿ ಜಗಳ ಆಡಿ ತುಂಬಾ ದಿನ ಆಯ್ತು."